ಕಾಗದ ಹೊರಬೇಕಾದವರು ಯಾರು?

ಕಲ್ಮಲ ರಾಯಚೂರು ತಾಲ್ಲೂಕಿನ ಹೋಬಳಿ ಊರು. ನಗರ ಬಿಟ್ಟ ಬಸ್ಸು ಅರ್ಧ ತಾಸಿನ ಆಸುಪಾಸಿನಲ್ಲಿ ಇಲ್ಲಿಗೆ ಮುಟ್ಟುತ್ತದೆ. ಹೆದ್ದಾರಿ ಇಲಾಖೆಯ ಕಡತಗಳಲ್ಲಿ ಇದರ ಹೆಸರು ‘ಕಲ್ಮಲ ಜಂಕ್ಷನ್’. ಮಾನ್ವಿ, ಸಿಂಧನೂರಿನ ಕಡೆ ಹೋಗುವ ರಾಜ್ಯ ಹೆದ್ದಾರಿಯನ್ನು ಅಳೆಯುವುದು ಇಲ್ಲಿಂದಲೇ. ಭತ್ತದ ಲಾರಿ, ಹತ್ತಿ ಹೇರಿದ ಟ್ರ್ಯಾಕ್ಟರ್, ಶಕ್ತಿನಗರದ ಹಾರುಬೂದಿಯ ಟ್ಯಾಂಕರ್, ಮೆಣಸಿನಕಾಯಿ ಬಿಡಿಸಲು ಹೊರಟ ಹೆಣ್ಣುಮಕ್ಕಳ ಟಂಟಂ, ಜಾತ್ರೆಗೆ ಹೊರಟ ಕ್ರೂಸರ್, ಶಾಲೆಯ ವಾಹನ ಎಲ್ಲವೂ ಈ ಭಾಗದ ರಸ್ತೆಗಳಲ್ಲಿ ಒಂದರ ಹಿಂದೊಂದು ಓಡುತ್ತವೆ. ಅಪಘಾತವಾದರೆ ಗಾಯಾಳು ರಾಯಚೂರಿನ ರಿಮ್ಸ್ ಆಸ್ಪತ್ರೆಗೆ ಹೋಗುತ್ತಾನೆ, ವಾಹನ ಠಾಣೆಗೆ ಹೋಗುತ್ತದೆ, ಕಾಗದ ಕೋರ್ಟಿಗೆ ಹೋಗಬೇಕು. ಮೊದಲ ಎರಡು ಅದೇ ದಿನ ನಡೆಯುತ್ತವೆ. ಮೂರನೆಯದಕ್ಕೆ ಐದು ವರ್ಷ ಹಿಡಿದರೂ ಯಾರೂ ಬೆರಗಾಗುವುದಿಲ್ಲ.

ಮೋಟಾರು ಅಪಘಾತ ಪರಿಹಾರದ ಚರಿತ್ರೆಯನ್ನು ಸಾಮಾನ್ಯವಾಗಿ ಪರಿಹಾರದ ಮೊತ್ತ ಬೆಳೆದ ಕಥೆಯಾಗಿ ಬರೆಯುತ್ತಾರೆ. ನನಗೆ ಅದು ಕಾಗದ ಹೊರುವವರ ಕಥೆಯಾಗಿ ಕಾಣುತ್ತದೆ. ಅಪಘಾತದ ಕಾಗದಗಳನ್ನು ಠಾಣೆಯಿಂದ ಆಸ್ಪತ್ರೆಗೆ, ಅಲ್ಲಿಂದ ನಾಡಕಚೇರಿಗೆ, ಕೋರ್ಟಿಗೆ, ಕೊನೆಗೆ ಬ್ಯಾಂಕಿಗೆ ಹೊರಬೇಕಾದವರು ಯಾರು? ಸತ್ತವನ ಹೆಂಡತಿಯೋ, ಸರ್ಕಾರವೋ, ವಿಮಾ ಕಂಪನಿಯೋ? ಎಪ್ಪತ್ತು ವರ್ಷಗಳಿಂದ ಸಂಸತ್ತು ಮತ್ತು ನ್ಯಾಯಾಲಯಗಳು ಉತ್ತರಿಸಲು ಹೆಣಗುತ್ತಿರುವುದು ಈ ಪ್ರಶ್ನೆಗೇ.

ಬ್ರಿಟಿಷ್ ಭಾರತದಲ್ಲಿ ಇದಕ್ಕಿದ್ದ ಹಳೆಯ ಆಸರೆ 1855ರ ಮಾರಕ ಅಪಘಾತಗಳ ಕಾಯ್ದೆ. ರೈಲು ಬಂದ ಹೊಸತರಲ್ಲಿ, ಇಂಗ್ಲೆಂಡಿನ 1846ರ ಕಾನೂನನ್ನು ನೋಡಿ ಮಾಡಿದ್ದು. ಸತ್ತವನ ಹೆಂಡತಿ, ಗಂಡ, ತಂದೆ-ತಾಯಿ, ಮಕ್ಕಳ ಪರವಾಗಿ ಸಿವಿಲ್ ದಾವೆ ಹೂಡಬಹುದಿತ್ತು. ಆದರೆ ಕೇಳುವ ಮೊತ್ತಕ್ಕೆ ತಕ್ಕ ಕೋರ್ಟ್ ಶುಲ್ಕವನ್ನು ಮೊದಲೇ ಕಟ್ಟಬೇಕು. ದುಡಿಯುವವನನ್ನು ಕಳೆದುಕೊಂಡ ಮನೆ ಆ ದುಡ್ಡನ್ನು ಎಲ್ಲಿಂದ ತರಬೇಕು ಎಂದು ಕಾಯ್ದೆ ಹೇಳಲಿಲ್ಲ.

ರಾಯಚೂರು ಆಗ ನಿಜಾಮರ ಸೀಮೆ. ಹೈದರಾಬಾದ್ ಸಂಸ್ಥಾನ 1932ರ ಜೂನ್‌ನಲ್ಲಿ 27 ಬಸ್ಸು, 166 ನೌಕರರೊಂದಿಗೆ ರೈಲ್ವೆಯ ಅಂಗವಾಗಿ ಸರ್ಕಾರಿ ಬಸ್ ಸೇವೆ ಆರಂಭಿಸಿತು. ಇತ್ತ ಬ್ರಿಟಿಷ್ ಭಾರತದಲ್ಲಿ 1939ರ ಮೋಟಾರು ವಾಹನ ಕಾಯ್ದೆ ಬಂತು. ಅದರೊಳಗಿನ ಕಡ್ಡಾಯ ಮೂರನೇ ವ್ಯಕ್ತಿ ವಿಮೆಯ ಅಧ್ಯಾಯಕ್ಕೆ ಜೀವ ಬಂದದ್ದು 1946ರ ಜುಲೈ 1ರಂದು. ಬಸ್ಸಿನ ಮಾಲೀಕ ದಿವಾಳಿಯಾದರೂ ವಿಮಾ ಕಂಪನಿ ಕೊಡುತ್ತದೆ ಎಂಬ ಭರವಸೆ ಕಾಗದದ ಮೇಲೆ ಮೂಡಿತು. ಆ ಭರವಸೆಯನ್ನು ವಸೂಲು ಮಾಡಿಕೊಳ್ಳಲು ಮಾತ್ರ ಅದೇ ಸಿವಿಲ್ ಕೋರ್ಟು, ಅದೇ ಶುಲ್ಕ.

1956ರ ನವೆಂಬರ್ 1ರಂದು ರಾಯಚೂರು ಜಿಲ್ಲೆ ಹೈದರಾಬಾದಿನಿಂದ ಕಳಚಿ ಮೈಸೂರು ರಾಜ್ಯ ಸೇರಿತು. ಅದೇ ವರ್ಷ ಸಂಸತ್ತು ಮೋಟಾರು ವಾಹನ ಕಾಯ್ದೆಗೆ ದೊಡ್ಡ ತಿದ್ದುಪಡಿ ತಂದಿತು. ಅದು ಜಾರಿಯಾದದ್ದು 1957ರ ಫೆಬ್ರುವರಿ 16ರಂದು. 110ನೇ ಕಲಮಿನಡಿ ರಾಜ್ಯಗಳು ‘ಮೋಟಾರು ಅಪಘಾತ ಪರಿಹಾರ ನ್ಯಾಯಮಂಡಳಿ’ಗಳನ್ನು ರಚಿಸಬಹುದಾಯಿತು. ದಾವೆಯ ಬದಲು ಅರ್ಜಿ, ಭಾರಿ ಶುಲ್ಕದ ಬದಲು ಅಲ್ಪ ಶುಲ್ಕ, ಉದ್ದದ ವಿಚಾರಣೆಯ ಬದಲು ಸಂಕ್ಷಿಪ್ತ ವಿಚಾರಣೆ ಎಂಬುದು ಉದ್ದೇಶ. ಆದರೆ ಅರ್ಜಿ ಹಾಕಲು ಕೊಟ್ಟ ಗಡುವು ಅರವತ್ತು ದಿನ! ಹದಿಮೂರನೇ ದಿನದ ಕಾರ್ಯ ಮುಗಿಸಿ, ಸಾಲ ತೀರಿಸುವ ದಾರಿ ಹುಡುಕುವಷ್ಟರಲ್ಲಿ ಹಳ್ಳಿಯ ಮನೆಗೆ ಅರವತ್ತು ದಿನ ಕಳೆದಿರುತ್ತದೆ. 1969ರ ತಿದ್ದುಪಡಿ ಅದನ್ನು ಆರು ತಿಂಗಳಿಗೆ ಏರಿಸಿತು. ಈ ಆರು ತಿಂಗಳನ್ನು ನೆನಪಿಟ್ಟುಕೊಳ್ಳಿ, ಒಮ್ಮೆ ಸತ್ತು ಮತ್ತೆ ಹುಟ್ಟಿದ ಗಡುವು ಅದು.

ನ್ಯಾಯಮಂಡಳಿ ಎಂದ ಮಾತ್ರಕ್ಕೆ ಹೊಸ ಕಟ್ಟಡ, ಹೊಸ ನ್ಯಾಯಾಧೀಶರು ಬರಲಿಲ್ಲ. ಜಿಲ್ಲಾ ನ್ಯಾಯಾಧೀಶರೇ ನ್ಯಾಯಮಂಡಳಿಯೂ ಆದರು. ಮುಂದೆ ತಾಲ್ಲೂಕು ಕೇಂದ್ರಗಳ ಹಿರಿಯ ಸಿವಿಲ್ ನ್ಯಾಯಾಧೀಶರಿಗೂ ಆ ಅಧಿಕಾರ ಸಿಕ್ಕಿತು. ಕೊಲೆ ಕೇಸು, ಜಮೀನು ಪಾಲಿನ ದಾವೆಗಳ ನಡುವೆ ‘ಎಂವಿಸಿ’ ಎಂಬ ಅಪಘಾತ ಪರಿಹಾರದ ಅರ್ಜಿಗಳು ತಮ್ಮ ವಾಯಿದೆಗಾಗಿ ಕಾಯತೊಡಗಿದವು. ಸಂಕ್ಷಿಪ್ತ ವಿಚಾರಣೆ ಎಂದು ಕಾಯ್ದೆಯಲ್ಲಿ ಬರೆದದ್ದು ಕೋರ್ಟಿನ ಅಂಗಳದಲ್ಲಿ ಪೂರ್ಣ ಪ್ರಮಾಣದ ಸಿವಿಲ್ ದಾವೆಯೇ ಆಯಿತು.

ತಡ ಹುಟ್ಟುವುದು ಎಲ್ಲಿ ಎಂದು ತಿಳಿಯಬೇಕಾದರೆ ಅರ್ಜಿಯ ಜೊತೆ ಇಡಬೇಕಾದ ಕಾಗದಗಳನ್ನು ನೋಡಬೇಕು. ಫಿರ್ಯಾದಿ ಮತ್ತು ಎಫ್‌ಐಆರ್, ಸ್ಥಳ ಪಂಚನಾಮೆ, ನಕಾಶೆ, ಶವ ಪಂಚನಾಮೆ, ಮರಣೋತ್ತರ ಪರೀಕ್ಷೆಯ ವರದಿ ಅಥವಾ ಗಾಯದ ಸರ್ಟಿಫಿಕೇಟು, ಮೋಟಾರು ವಾಹನ ನಿರೀಕ್ಷಕರ ವರದಿ, ದೋಷಾರೋಪ ಪಟ್ಟಿ ಇವೆಲ್ಲ ಪೊಲೀಸರ ಬಳಿ ಇರುವಂಥವು. ವಾಹನದ ಆರ್‌ಸಿ, ಪಾಲಿಸಿ, ಚಾಲಕನ ಲೈಸೆನ್ಸು ಎದುರಾಳಿಯ ಬಳಿ. ವಂಶವೃಕ್ಷ ಕಂದಾಯ ಇಲಾಖೆಯ ಬಳಿ. ಔಷಧದ ಬಿಲ್ಲು, ಅಂಗವೈಕಲ್ಯದ ಪ್ರಮಾಣಪತ್ರ ಆಸ್ಪತ್ರೆಯ ಬಳಿ. ಅರ್ಜಿದಾರರ ಕೈಯಲ್ಲಿ ಇರುವುದು ರೇಷನ್ ಕಾರ್ಡು ಮತ್ತು ಆಧಾರ್ ಮಾತ್ರ. ಬೇರೆಯವರ ಕಪಾಟಿನಲ್ಲಿರುವ ಒಂದು ಡಜನ್ ಕಾಗದಗಳನ್ನು ಹುಡುಕಿ ತರುವ ಹೊಣೆಯನ್ನು ಏನೂ ಇಲ್ಲದವರ ಮೇಲೆ ಹೊರಿಸಿದರೆ ನಡುವೆ ಇನ್ನೊಬ್ಬ ಹುಟ್ಟಿಕೊಳ್ಳುವುದು ಸಹಜ. ಆಸ್ಪತ್ರೆಯ ವಾರ್ಡಿನಲ್ಲೇ ‘ಕ್ಲೇಮ್ ಕೇಸು ನಾನು ಮಾಡಿಸಿ ಕೊಡ್ತೀನಿ’ ಎಂದು ಬಂದು ನಿಲ್ಲುವ ದಲ್ಲಾಳಿ ಹುಟ್ಟಿದ್ದು ಹೀಗೆ. ಅವನಿಗೆ ಬಯ್ಯುವುದು ಸುಲಭ. ಅವನಿಗೆ ಜಾಗ ಬಿಟ್ಟುಕೊಟ್ಟದ್ದು ವ್ಯವಸ್ಥೆ.

ಆ ಮೇಲೆ ಸಾಕ್ಷಿ. ಅಂಗವೈಕಲ್ಯ ಎಷ್ಟು ಪ್ರತಿಶತ ಎಂದು ಹೇಳಲು ವೈದ್ಯರು ಕಟಕಟೆಗೆ ಬರಬೇಕು. ಅವರಿಗೆ ಆ ದಿನ ಶಸ್ತ್ರಚಿಕಿತ್ಸೆ. ಮುಂದಿನ ವಾಯಿದೆಗೆ ವಿಮಾ ಕಂಪನಿಯ ವಕೀಲರು ಇಲ್ಲ. ಅದರ ಮುಂದಿನದಕ್ಕೆ ನ್ಯಾಯಾಧೀಶರ ವರ್ಗಾವಣೆ. ಬಡ್ಡಿಯನ್ನು ಅರ್ಜಿಯ ದಿನದಿಂದ ಲೆಕ್ಕ ಹಾಕಿ ಕೊಡಿಸುವ ಅವಕಾಶ ಕಾಯ್ದೆಯಲ್ಲಿದೆ. ಆದರೆ ಕರ್ನಾಟಕದಲ್ಲಿ ಸಾಮಾನ್ಯವಾಗಿ ಕಾಣುವ ಶೇ 6ರ ದರದಲ್ಲಿ ತಡ ಮಾಡುವುದು ಯಾವ ಕಂಪನಿಗೂ ದುಬಾರಿಯಲ್ಲ. ಅದೇ ಹೊತ್ತಿನಲ್ಲಿ ಆ ಮನೆ ಆಸ್ಪತ್ರೆಯ ಖರ್ಚಿಗೆಂದು ಕೈಸಾಲ ತಂದಿರುತ್ತದೆ. ಕೈಸಾಲದ ಬಡ್ಡಿ ತಿಂಗಳ ಲೆಕ್ಕದ್ದು.

ಈ ತಡವನ್ನು ನ್ಯಾಯಾಲಯ ತನ್ನದೇ ತಪ್ಪೆಂಬಂತೆ ನೋಡಲು ಆರಂಭಿಸಿದ್ದು 1970ರ ದಶಕದ ಕೊನೆಗೆ. ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್ ಅವರ ಮುಂದೆ 1979ರಲ್ಲಿ ಹರಿಯಾಣದ ಪ್ರಕರಣ ಬಂತು. ಅಪಘಾತದಲ್ಲಿ ಗಂಡನನ್ನು ಕಳೆದುಕೊಂಡ ಬಡವಿಗೆ ಕೋರ್ಟ್ ಶುಲ್ಕದ ವಿನಾಯಿತಿ ಕೊಟ್ಟದ್ದನ್ನು ಪ್ರಶ್ನಿಸಿ ರಾಜ್ಯ ಸರ್ಕಾರವೇ ಸುಪ್ರೀಂ ಕೋರ್ಟಿನವರೆಗೆ ಬಂದಿತ್ತು. ಕೃಷ್ಣ ಅಯ್ಯರ್ ಸರ್ಕಾರಕ್ಕೆ ಛೀಮಾರಿ ಹಾಕಿದರು. ಮರುವರ್ಷ ತಮಿಳುನಾಡಿನ ಬಸ್ ಪ್ರಕರಣದಲ್ಲಿ ಇನ್ನೂ ಮುಂದೆ ಹೋದರು. ನ್ಯಾಯಮಂಡಳಿಗಳು ತಾಂತ್ರಿಕ ನೆಪಗಳಿಗೆ ಜೋತುಬೀಳಬಾರದು, ರಾಜ್ಯಗಳು ಸಾಕಷ್ಟು ನ್ಯಾಯಮಂಡಳಿಗಳನ್ನು ನೇಮಿಸಬೇಕು, ಹೈಕೋರ್ಟುಗಳು ಬೇಗ ಇತ್ಯರ್ಥವಾಗುವಂತೆ ಒತ್ತಾಯಿಸಬೇಕು ಎಂದರು. ಬೇಗ ಮುಗಿಸಿ ಎಂಬ ಮಾತು ತೀರ್ಪಿನ ಒಳಗೆ ಗಟ್ಟಿಯಾಗಿ ಕೇಳಿಸಿದ್ದು ಆಗ.

1982ರ ಅಕ್ಟೋಬರ್ 1ರಿಂದ ತಪ್ಪು ಯಾರದೆಂದು ಸಾಬೀತು ಮಾಡದೆಯೇ ಸಾವಿಗೆ 15,000, ಶಾಶ್ವತ ಅಂಗವೈಕಲ್ಯಕ್ಕೆ 7,500 ರೂಪಾಯಿ ಸಿಗುವ ವ್ಯವಸ್ಥೆ ಬಂತು. 1987ರ ಎರಡು ತೀರ್ಪುಗಳಲ್ಲಿ ಮಂಡ್ಯ ಜಿಲ್ಲೆಯಿಂದ ಹೋದ ನ್ಯಾಯಮೂರ್ತಿ ಇ.ಎಸ್. ವೆಂಕಟರಾಮಯ್ಯನವರ ಕೈ ಕಾಣುತ್ತದೆ. ಒಂದು, ಸತ್ತವನ ಅಣ್ಣತಮ್ಮಂದಿರೂ ಪರಿಹಾರ ಕೇಳಬಹುದು ಎಂದಿತು. 1855ರ ಪಟ್ಟಿಯಲ್ಲಿ ಅಣ್ಣತಮ್ಮಂದಿರಿಗೆ ಜಾಗವಿರಲಿಲ್ಲ. ಒಂದೇ ಒಲೆಯ ಅವಿಭಕ್ತ ಮನೆಗಳ ನಾಡಿಗೆ ಇದು ದೊಡ್ಡ ಮಾತು. ಇನ್ನೊಂದು, ಈ 15,000 ತೀರಾ ಕಡಿಮೆ ಎಂದು ಸಂಸತ್ತಿನ ಗಮನ ಸೆಳೆಯಿತು. 1989ರ ಜುಲೈ 1ರಂದು ಜಾರಿಯಾದ ಹೊಸ ಮೋಟಾರು ವಾಹನ ಕಾಯ್ದೆ ಅದನ್ನು 25,000ಕ್ಕೂ, 1994ರ ತಿದ್ದುಪಡಿ 50,000ಕ್ಕೂ ಏರಿಸಿತು.

1994ರ ನವೆಂಬರ್ 14ರಿಂದ ಜಾರಿಗೆ ಬಂದ ಆ ತಿದ್ದುಪಡಿಯನ್ನು ರಾಯಚೂರು ಜಿಲ್ಲೆಯ ಕಣ್ಣಿನಿಂದ ನೋಡಬೇಕು. ಅದು ಮೂರು ಕೆಲಸ ಮಾಡಿತು. ಆರು ತಿಂಗಳ ಗಡುವನ್ನು ತೆಗೆದುಹಾಕಿತು. ಅಪಘಾತವಾದ ಊರಿನಲ್ಲೇ ಅರ್ಜಿ ಹಾಕಬೇಕು ಎಂಬ ಕಟ್ಟನ್ನು ಸಡಿಲಿಸಿ, ಅರ್ಜಿದಾರ ವಾಸವಿರುವ ಕಡೆಯೂ ಹಾಕಬಹುದು ಎಂದಿತು. ಪೊಲೀಸರು ಕಳಿಸಿದ ಅಪಘಾತ ವರದಿಯನ್ನೇ ಪರಿಹಾರದ ಅರ್ಜಿ ಎಂದು ನ್ಯಾಯಮಂಡಳಿ ಪರಿಗಣಿಸಬೇಕು ಎಂದೂ ಹೇಳಿತು.

ಎರಡನೆಯದರ ತೂಕ ಗುಳೆ ಹೋಗುವವರಿಗೆ ಗೊತ್ತು. ದೇವದುರ್ಗ, ಮಾನ್ವಿಯ ಮಳೆಯಾಶ್ರಿತ ಊರುಗಳಿಂದ ಸುಗ್ಗಿ ಮುಗಿದ ಮೇಲೆ ಬೆಂಗಳೂರು, ಪುಣೆ, ಹೈದರಾಬಾದಿನ ಕಟ್ಟಡದ ಕೆಲಸಕ್ಕೆ ಜನ ಹೊರಡುತ್ತಾರೆ. ಅಲ್ಲಿ ರಸ್ತೆ ದಾಟುವಾಗ ಸತ್ತವನ ಶವ ಊರಿಗೆ ಬರುತ್ತದೆ, ಕೇಸು ಅಲ್ಲೇ ಉಳಿಯುತ್ತದೆ. ಪುಣೆಯ ಕೋರ್ಟಿಗೆ ವಾಯಿದೆಗೆಂದು ತಿರುಗುವ ಶಕ್ತಿ ಯಾರಿಗಿದೆ? 1994ರ ನಂತರ ಆ ಹೆಂಡತಿ ತನ್ನ ಸೀಮೆಯ ನ್ಯಾಯಮಂಡಳಿಯಲ್ಲೇ ಅರ್ಜಿ ಹಾಕಬಹುದಾಯಿತು.

ಮೂರನೆಯದೇ ನಿಜವಾದ ಕ್ರಾಂತಿಯಾಗಬೇಕಿತ್ತು. ಅಪಘಾತದ ಮಾಹಿತಿ ದಾಖಲಾಗಿ 30 ದಿನದೊಳಗೆ ಠಾಣಾಧಿಕಾರಿ ವರದಿಯನ್ನು ನ್ಯಾಯಮಂಡಳಿಗೂ ವಿಮಾ ಕಂಪನಿಗೂ ಕಳಿಸಬೇಕು, ಅದೇ ಅರ್ಜಿಯಾಗಬೇಕು. ಅಂದರೆ ಕಾಗದ ಹೊರುವವರು ಪೊಲೀಸರು. ಕಾಯ್ದೆಯ ಮಟ್ಟಿಗೆ ಪ್ರಶ್ನೆ 1994ರಲ್ಲೇ ಬಗೆಹರಿದಿತ್ತು. ಠಾಣೆಯಲ್ಲಿ ಬಗೆಹರಿಯಲಿಲ್ಲ. 2007ರಲ್ಲಿ ಸಾಮಾನ್ಯ ವಿಮಾ ಮಂಡಳಿಯ ಅರ್ಜಿಯ ಮೇಲೆ ಸುಪ್ರೀಂ ಕೋರ್ಟ್ ಎಲ್ಲ ರಾಜ್ಯಗಳಿಗೂ ಇದನ್ನು ಪಾಲಿಸಿ ಎಂದಿತು. 2009ರ ಡಿಸೆಂಬರ್ 17ರಂದು, ಕರ್ನಾಟಕ ಹೈಕೋರ್ಟಿನಿಂದ ಹೋದ ನ್ಯಾಯಮೂರ್ತಿ ಆರ್.ವಿ. ರವೀಂದ್ರನ್ ಜೈಪ್ರಕಾಶ್ ಪ್ರಕರಣದಲ್ಲಿ ಮತ್ತೆ ಹೇಳಿದರು. ಎಲ್ಲ ಡಿಜಿಪಿಗಳಿಗೂ ನಿರ್ದೇಶನ ಹೋಯಿತು. ನ್ಯಾಯಮಂಡಳಿಗಳು ವರದಿಯನ್ನು ಅರ್ಜಿಯಾಗಿ ನೋಂದಾಯಿಸಿ, ಸಂಕ್ಷಿಪ್ತ ವಿಚಾರಣೆ ನಡೆಸಬೇಕು ಎಂದಾಯಿತು. ತಡದ ಜೊತೆಗೆ ಆ ಆದೇಶ ಇನ್ನೊಂದು ಹುಣ್ಣನ್ನೂ ಮುಟ್ಟಿತು: ಹಣ ಮಂಜೂರಾದರೂ ಓದುಬರಹ ಬಾರದವರ ಕೈಗೆ ಪೂರ್ತಿ ಮುಟ್ಟುವುದಿಲ್ಲ ಎಂಬುದು.

ಈ ಹಣ ಸೋರಿಹೋಗುವುದನ್ನು ತಡೆಯಲು ನ್ಯಾಯಾಲಯ ಮೊದಲೇ ಒಂದು ದಾರಿ ಹಾಕಿಕೊಟ್ಟಿತ್ತು. ಎಂ.ಎನ್. ವೆಂಕಟಾಚಲಯ್ಯ ಅವರಿದ್ದ ಪೀಠ ಸೂಸಮ್ಮ ಥಾಮಸ್ ಪ್ರಕರಣದಲ್ಲಿ, ಅಪ್ರಾಪ್ತರ ಪಾಲನ್ನು ವಯಸ್ಸಿಗೆ ಬರುವ ತನಕ, ಅನಕ್ಷರಸ್ಥರ ಪಾಲನ್ನು ನಿರ್ದಿಷ್ಟ ಕಾಲದವರೆಗೆ ಬ್ಯಾಂಕಿನಲ್ಲಿ ಠೇವಣಿ ಇಡಿ ಎಂದಿತು. ದಲ್ಲಾಳಿಯಿಂದ ಉಳಿಸಲು ಮಾಡಿದ ಕಾವಲು ಅದು. ಆದರೆ ಎಷ್ಟೋ ನ್ಯಾಯಮಂಡಳಿಗಳು ಮುಖ ನೋಡದೆ ಎಲ್ಲರ ಹಣಕ್ಕೂ ಬೀಗ ಹಾಕಿದವು. ಮಗಳ ಮದುವೆಗೆ, ಬೋರ್‌ವೆಲ್‌ಗೆ ತನ್ನದೇ ದುಡ್ಡು ಬಿಡಿಸಿಕೊಳ್ಳಲು ಮತ್ತೊಂದು ಅರ್ಜಿ, ಮತ್ತೊಂದು ವಾಯಿದೆ. ಯಾಂತ್ರಿಕವಾಗಿ ಹೀಗೆ ಮಾಡಬೇಡಿ ಎಂದು 2012ರಲ್ಲಿ ಸುಪ್ರೀಂ ಕೋರ್ಟೇ ಹೇಳಬೇಕಾಯಿತು.

ಕೂಲಿಯವರ ಕೇಸಿನಲ್ಲಿ ತಡಕ್ಕಿಂತ ಹೆಚ್ಚು ಹಿಂಸೆಯ ಪ್ರಶ್ನೆ ಒಂದಿದೆ: ನಿನ್ನ ಆದಾಯಕ್ಕೆ ಪುರಾವೆ ಏನು? 2009ರ ಏಪ್ರಿಲ್‌ನಲ್ಲಿ ರವೀಂದ್ರನ್ ಅವರೇ ಬರೆದ ಸರಳಾ ವರ್ಮಾ ತೀರ್ಪು ವಯಸ್ಸಿಗೆ ತಕ್ಕ ಗುಣಕಗಳ ಪಟ್ಟಿ ಕೊಟ್ಟಿತು. 2017ರ ಅಕ್ಟೋಬರ್ 31ರಂದು ಪ್ರಣಯ್ ಸೇಥಿ ಪ್ರಕರಣದಲ್ಲಿ ಸಂವಿಧಾನ ಪೀಠ ಅದಕ್ಕೆ ಭವಿಷ್ಯದ ಗಳಿಕೆಯನ್ನು ಸೇರಿಸಿತು. ಈಗ ಲೆಕ್ಕ ಬಹುಮಟ್ಟಿಗೆ ಗಣಿತ. 35 ವರ್ಷದ ಕೂಲಿ ಹೆಣ್ಣುಮಗಳು, ಅವಲಂಬಿತರು ನಾಲ್ವರು ಎನ್ನಿ. ತಿಂಗಳಿಗೆ 10,000 ಎಂದು ಒಪ್ಪಿದರೆ, ಭವಿಷ್ಯಕ್ಕೆ ಶೇ 40 ಸೇರಿ 14,000. ಸ್ವಂತ ಖರ್ಚಿಗೆ ಕಾಲು ಭಾಗ ಕಳೆದರೆ 10,500. ಹನ್ನೆರಡರಿಂದ ಗುಣಿಸಿ, ಆ ವಯಸ್ಸಿನ ಗುಣಕ 16ರಿಂದ ಮತ್ತೆ ಗುಣಿಸಿದರೆ 20,16,000. ಮೊದಲ ಸಾಲಿನ 10,000 ಎಂಬಲ್ಲಿ 9,000 ಎಂದಾದರೆ ಕೊನೆಯ ಸಾಲಿನಲ್ಲಿ 2,01,600 ರೂಪಾಯಿ ಕಡಿಮೆಯಾಗುತ್ತದೆ. ವಕೀಲರು ಒಂದು ಸಾವಿರಕ್ಕಾಗಿ ಹೈಕೋರ್ಟಿನವರೆಗೆ ಯಾಕೆ ಹೋಗುತ್ತಾರೆ ಎಂಬುದಕ್ಕೆ ಇದೇ ಉತ್ತರ.

ಆದರೆ ಮೆಣಸಿನಕಾಯಿ ಬಿಡಿಸುವವಳಿಗೆ ಸಂಬಳದ ಚೀಟಿ ಯಾರು ಕೊಡುತ್ತಾರೆ? ಕರ್ನಾಟಕದ ಕೂಲಿಯೊಬ್ಬ 2004ರಲ್ಲಿ ಅಪಘಾತಕ್ಕೆ ಸಿಕ್ಕಿ, ತಿಂಗಳಿಗೆ 4,500 ದುಡಿಯುತ್ತಿದ್ದೆ ಎಂದ. ಪುರಾವೆ ಇಲ್ಲವೆಂದು ನ್ಯಾಯಮಂಡಳಿ 3,000 ಹಿಡಿಯಿತು. 2011ರಲ್ಲಿ ನ್ಯಾಯಮೂರ್ತಿ ಎಚ್.ಎಲ್. ದತ್ತು ಅವರಿದ್ದ ಪೀಠ, ಕೂಲಿಯವನಿಂದ ಕಾಗದ ಕೇಳುವುದೇ ಸರಿಯಲ್ಲ ಎಂದು 4,500ನ್ನೇ ಒಪ್ಪಿತು. 2014ರಲ್ಲಿ ನ್ಯಾಯಮೂರ್ತಿ ವಿ. ಗೋಪಾಲ ಗೌಡರು ಕಾಲು ಕಳೆದುಕೊಂಡ ತರಕಾರಿ ವ್ಯಾಪಾರಿಗೆ 6,500 ಎಂದು ಹಿಡಿದರು. 2021ರ ಜನವರಿಯಲ್ಲಿ ಮನೆವಾರ್ತೆಯ ದುಡಿಮೆಗೂ ಬೆಲೆ ಕಟ್ಟಲೇಬೇಕು ಎಂದು ಸುಪ್ರೀಂ ಕೋರ್ಟ್ ಸಾರಿತು. ಕರ್ನಾಟಕದಲ್ಲಿ ಇಂಥ ಗುದ್ದಾಟಕ್ಕೆ ಒಂದು ವ್ಯಾವಹಾರಿಕ ಪರಿಹಾರವೂ ಇದೆ. ರಾಜ್ಯ ಕಾನೂನು ಸೇವಾ ಪ್ರಾಧಿಕಾರ ಲೋಕ ಅದಾಲತ್‌ಗಳಿಗಾಗಿ ವರ್ಷವಾರು ಊಹಾತ್ಮಕ ಆದಾಯದ ತಖ್ತೆ ಮಾಡಿಟ್ಟಿದೆ. ಅಪಘಾತವಾದ ವರ್ಷದ ಎದುರಿನ ಅಂಕಿ ಹಿಡಿದರಾಯಿತು. ರಾಜಿಗೆಂದು ಮಾಡಿದ ತಖ್ತೆಯನ್ನು ಹೈಕೋರ್ಟಿನ ಪೀಠಗಳೂ ತೀರ್ಪುಗಳಲ್ಲಿ ಅನುಸರಿಸತೊಡಗಿದವು.

ಲೋಕ ಅದಾಲತ್‌ನ ಬಗ್ಗೆ ನನಗೆ ಎರಡು ಮನಸ್ಸು. 1982ರಲ್ಲಿ ಗುಜರಾತಿನ ಊನಾದಲ್ಲಿ ಆರಂಭವಾಗಿ, 1995ರ ನವೆಂಬರ್ 9ರಂದು ಜಾರಿಗೆ ಬಂದ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯಿಂದ ಅಧಿಕೃತವಾದ ಈ ಕಟ್ಟೆ ಪಂಚಾಯ್ತಿಗೆ ವರ್ಷವರ್ಷವೂ ಅತಿ ಹೆಚ್ಚು ಒಗ್ಗಿಕೊಂಡದ್ದು ಅಪಘಾತದ ಪ್ರಕರಣಗಳೇ. ಶನಿವಾರ ಬೆಳಿಗ್ಗೆ ಕೂತವರು ಸಂಜೆಗೆ ರಾಜಿ ಪತ್ರಕ್ಕೆ ಹೆಬ್ಬೆಟ್ಟು ಒತ್ತುತ್ತಾರೆ. ಮೇಲ್ಮನವಿ ಇಲ್ಲ, ಕೇಸು ಅಲ್ಲಿಗೆ ಮುಗಿಯಿತು. ಆದರೆ ರಾಜಿಯ ಮೇಜಿನ ಒಂದು ಬದಿ ಕೂತವರಿಗೆ ಕಾಯುವುದು ಅಭ್ಯಾಸ, ಇನ್ನೊಂದು ಬದಿಯವರಿಗೆ ಕಾಯಲು ಆಗುವುದಿಲ್ಲ. ಅಂಥ ಕಡೆ ವೇಗಕ್ಕೆ ಯಾರೋ ರಿಯಾಯಿತಿ ಕೊಡಬೇಕು, ಅದನ್ನು ಕೊಡುವವರು ಬಹುತೇಕ ಅರ್ಜಿದಾರರೇ.

ಟ್ರ್ಯಾಕ್ಟರಿನ ಕಥೆ ಬೇರೆ. ತುಂಗಭದ್ರಾ ಎಡದಂಡೆ ಕಾಲುವೆಯ ನೀರು 1950ರ ದಶಕದಲ್ಲಿ ಹರಿದ ಮೇಲೆ ಸಿಂಧನೂರು-ಮಾನ್ವಿಯ ಬಯಲು ಭತ್ತದ ಸೀಮೆಯಾಯಿತು. ನಾಟಿಗೂ ಕೊಯ್ಲಿಗೂ ಕೂಲಿಯವರನ್ನು ಊರಿಂದೂರಿಗೆ ಸಾಗಿಸಿದ್ದು ಟ್ರ್ಯಾಲಿ. ದಿಬ್ಬಣಕ್ಕೆ ಲಾರಿ. ಸರಕಿನ ವಾಹನದಲ್ಲಿ ಕೂತವರಿಗೆ ವಿಮೆ ಅನ್ವಯಿಸುತ್ತದೆಯೇ ಎಂಬ ಪ್ರಶ್ನೆಗೆ ಸುಪ್ರೀಂ ಕೋರ್ಟಿನಿಂದ ಕೆಲವೇ ವರ್ಷಗಳಲ್ಲಿ ಬೇರೆ ಬೇರೆ ಉತ್ತರ ಬಂತು. ಕರ್ನಾಟಕದಿಂದ ಹೋದ ಪ್ರಕರಣದಲ್ಲಿ 1998ರಲ್ಲಿ, ಹಳೆಯ ಕಾಯ್ದೆಯಡಿ ಇಲ್ಲ ಎಂದಿತು. ಮರುವರ್ಷ ಇನ್ನೊಂದು ಪೀಠ, ಹೊಸ ಕಾಯ್ದೆಯಡಿ ಕಂಪನಿ ಕೊಡಬೇಕು ಎಂದಿತು. 2002ರ ಡಿಸೆಂಬರ್‌ನಲ್ಲಿ ದೊಡ್ಡ ಪೀಠ ಅದನ್ನು ಅಳಿಸಿತು. 1994ರ ತಿದ್ದುಪಡಿಯ ನಂತರದ ಅಪಘಾತಗಳಲ್ಲಿ ಸರಕಿನ ಮಾಲೀಕ ಅಥವಾ ಅವನ ಪ್ರತಿನಿಧಿಯಾದರೆ ಸರಿ, ಸುಮ್ಮನೆ ಹತ್ತಿದವರಿಗೆ ಇಲ್ಲ. ಅಪಘಾತವಾದ ದಿನ ಇದ್ದ ಕಾನೂನು ತೀರ್ಪಿನ ದಿನ ಇರಲಿಲ್ಲ. ತಡವಾದ ಕೇಸುಗಳಿಗೆ ಬಿದ್ದ ದಂಡ ಇದು. ‘ಮೊದಲು ಕೊಡು, ಆಮೇಲೆ ಮಾಲೀಕನಿಂದ ವಸೂಲು ಮಾಡು’ ಎಂಬ ಮಧ್ಯದ ದಾರಿ ಬೆಳೆದದ್ದು ಇಂಥ ಇಕ್ಕಟ್ಟಿನಲ್ಲೇ. ಪಾಲಿಸಿಯ ಷರತ್ತು ಮುರಿದಿದ್ದರೂ ಮೂರನೇ ವ್ಯಕ್ತಿಗೆ ಕಂಪನಿ ಮೊದಲು ಕೊಡಬೇಕು ಎಂಬುದನ್ನು 2020ರಲ್ಲಿ ಧಾರವಾಡದಲ್ಲಿ ಹೈಕೋರ್ಟಿನ ಪೂರ್ಣಪೀಠ ಗಟ್ಟಿ ಮಾಡಿತು.

ಮೇಲ್ಮನವಿ ಎಂದರೆ 2008ರವರೆಗೆ ಬೆಂಗಳೂರು. ರಾಯಚೂರಿನ ವಕೀಲ ಬೆಂಗಳೂರಿನ ವಕೀಲನಿಗೆ ಕಡತ ಕಳಿಸಬೇಕು, ಅರ್ಜಿದಾರ ರಾತ್ರಿ ರೈಲು ಹಿಡಿಯಬೇಕು. ಆ ವರ್ಷದ ಜುಲೈನಲ್ಲಿ ಕಲಬುರಗಿಯಲ್ಲಿ ಹೈಕೋರ್ಟಿನ ಸಂಚಾರಿ ಪೀಠ ಬಂತು, 2013ರ ಆಗಸ್ಟ್‌ನಲ್ಲಿ ಕಾಯಂ ಆಯಿತು. ತಡ ತಗ್ಗಿಸುವ ಆದೇಶ ಎಂದು ಯಾರೂ ಇದನ್ನು ಎಣಿಸುವುದಿಲ್ಲ, ಆದರೆ ಈ ಜಿಲ್ಲೆಯ ಮಟ್ಟಿಗೆ ದೆಹಲಿಯ ಎಷ್ಟೋ ತೀರ್ಪುಗಳಿಗಿಂತ ಹೆಚ್ಚು ಉಪಕಾರ ಮಾಡಿದ್ದು ಇದೇ.

ಸಾರಿಗೆ ಬಸ್ಸಿನ ಕೇಸಿಗೆ ಇನ್ನೊಂದು ಗುಣವಿದೆ. ಸರ್ಕಾರಿ ಸಾರಿಗೆ ಸಂಸ್ಥೆಗಳಿಗೆ ಕಡ್ಡಾಯ ವಿಮೆಯಿಂದ ವಿನಾಯಿತಿ ಪಡೆಯುವ ಅವಕಾಶ ಕಾಯ್ದೆಯಲ್ಲಿದೆ. ಬದಲಿಗೆ ಸ್ವಂತ ನಿಧಿ ಇಡಬೇಕು. ಆದ್ದರಿಂದ ಎದುರಾಳಿ ವಿಮಾ ಕಂಪನಿಯಲ್ಲ, ನಿಗಮವೇ. ಆದೇಶವಾಗಿಯೂ ಹಣ ಕಟ್ಟದಿದ್ದರೆ ಅಮಲ್ಜಾರಿ ಅರ್ಜಿ, ಅದರ ಬೆನ್ನಿಗೆ ಅಮೀನರು ಬಸ್ ನಿಲ್ದಾಣಕ್ಕೆ ಬಂದು ಬಸ್ಸನ್ನೇ ಜಪ್ತಿ ಮಾಡುವುದು. ಪ್ರಯಾಣಿಕರನ್ನು ಇಳಿಸಿ ಕೋರ್ಟಿನ ಆವರಣಕ್ಕೆ ಬಸ್ ತಂದು ನಿಲ್ಲಿಸಿದ ಸುದ್ದಿ ರಾಜ್ಯದ ಯಾವ ಜಿಲ್ಲೆಗೂ ಹೊಸತಲ್ಲ. ಬಸ್ ಜಪ್ತಿಯಾದ ಮೇಲೆ ಹಣ ಹೇಗೋ ಬೇಗ ಹೊರಡುತ್ತದೆ.

2024ರ ಸೆಪ್ಟೆಂಬರ್ 5, ಶಿಕ್ಷಕರ ದಿನದ ಬೆಳಿಗ್ಗೆ, ಮಾನ್ವಿ ತಾಲ್ಲೂಕಿನ ಕಪಗಲ್ ಬಳಿ ಶಾಲಾ ವಾಹನಕ್ಕೂ ಸಾರಿಗೆ ಬಸ್ಸಿಗೂ ಡಿಕ್ಕಿಯಾಯಿತು. ಇಬ್ಬರು ಮಕ್ಕಳು ಸತ್ತರು. ಕೆಲವು ಮಕ್ಕಳ ಕಾಲುಗಳೇ ಹೋದವು. ಮುಖ್ಯಮಂತ್ರಿ ಸತ್ತ ಮಕ್ಕಳ ಮನೆಗಳಿಗೆ ತಲಾ 5 ಲಕ್ಷ ರೂಪಾಯಿ ಘೋಷಿಸಿದರು. ಇಂಥ ಘೋಷಣೆ ಅನುಕಂಪದ್ದು, ಕಾನೂನಿನ ಪರಿಹಾರ ಅದಲ್ಲ. ಎಷ್ಟೋ ಮನೆಗಳು ಎರಡೂ ಒಂದೇ ಎಂದು ತಿಳಿದು ಅಷ್ಟಕ್ಕೇ ಸುಮ್ಮನಾಗುವುದುಂಟು. ಅಂಗವಿಕಲವಾದ ಮಗುವಿಗೆ ಎಷ್ಟು ಎಂಬುದಕ್ಕೂ ದಾರಿ ತೋರಿಸಿದ್ದು ಕರ್ನಾಟಕದಿಂದ ಹೋದ ಪ್ರಕರಣ. 2013ರ ಆಗಸ್ಟ್‌ನ ಆ ತೀರ್ಪು ಶೇ 10ರಿಂದ 30ರ ವೈಕಲ್ಯಕ್ಕೆ 3 ಲಕ್ಷದಿಂದ ಆರಂಭಿಸಿ, ಶೇ 90 ಮೀರಿದರೆ 6 ಲಕ್ಷ ಎಂದು ಮೆಟ್ಟಿಲು ಕಟ್ಟಿತು. ಕಾಲು ಕಳೆದುಕೊಂಡ ಮಗು ಬೆಳೆದಂತೆ ಕೃತಕ ಕಾಲನ್ನು ಬದಲಿಸುತ್ತಲೇ ಇರಬೇಕು. ಅದನ್ನು ನೆನೆದರೆ ಆ ಮೆಟ್ಟಿಲು ಗಿಡ್ಡವೇ. ಆಮೇಲಿನ ತೀರ್ಪುಗಳು ಅದನ್ನು ದಾಟಿ ಹೋಗಿವೆ.

ಕಪಗಲ್ ಅಪಘಾತ ನಡೆದಾಗ ಹೊಸ ನಿಯಮಗಳು ಜಾರಿಯಲ್ಲಿದ್ದವು. ದೆಹಲಿ ಹೈಕೋರ್ಟ್ 2009ರಿಂದ ಪ್ರಯೋಗಿಸಿ ತಿದ್ದಿದ ಕ್ರಮವನ್ನು ಕೇಂದ್ರ ಸರ್ಕಾರ 2022ರ ಏಪ್ರಿಲ್ 1ರಿಂದ ಇಡೀ ದೇಶಕ್ಕೆ ನಿಯಮವಾಗಿ ಕೊಟ್ಟಿತು. ಅಪಘಾತವಾದ 48 ಗಂಟೆಯೊಳಗೆ ಮೊದಲ ವರದಿ ನ್ಯಾಯಮಂಡಳಿಗೆ, 50 ದಿನದೊಳಗೆ ಮಧ್ಯಂತರ ವರದಿ, 90 ದಿನದೊಳಗೆ ಎಲ್ಲ ಕಾಗದಗಳ ಸಮೇತ ವಿಸ್ತೃತ ವರದಿ. ಅದು ಬಂದ 30 ದಿನದೊಳಗೆ ವಿಮಾ ಕಂಪನಿಯ ಅಧಿಕಾರಿ ಎಷ್ಟು ಕೊಡುತ್ತೇವೆ ಎಂದು ಹೇಳಬೇಕು. ಸಂತ್ರಸ್ತರ ಹಕ್ಕುಗಳೇನು ಎಂಬ ನಮೂನೆಯನ್ನೂ ಪೊಲೀಸರೇ ಅವರ ಕೈಗೆ ಕೊಡಬೇಕು. 2022ರ ಡಿಸೆಂಬರ್ 15ರಂದು ನ್ಯಾಯಮೂರ್ತಿಗಳಾದ ಎಸ್. ಅಬ್ದುಲ್ ನಜೀರ್ ಮತ್ತು ಜೆ.ಕೆ. ಮಾಹೇಶ್ವರಿ ಅವರ ಪೀಠ ಗೋಹರ್ ಮೊಹಮ್ಮದ್ ಪ್ರಕರಣದಲ್ಲಿ ಇದಕ್ಕೆ ಬೆನ್ನೆಲುಬು ಕೊಟ್ಟಿತು. ಮೂರು ತಿಂಗಳೊಳಗೆ ಠಾಣೆಗಳಲ್ಲಿ ಅಥವಾ ಪಟ್ಟಣ ಮಟ್ಟದಲ್ಲಿ ತರಬೇತಾದ ವಿಶೇಷ ಘಟಕ ರಚಿಸಿ ಎಂದು ರಾಜ್ಯಗಳಿಗೆ ಹೇಳಿತು. ಕಾಗದ ಹೊರಬೇಕಾದವರು ಯಾರು ಎಂದು ಸುಪ್ರೀಂ ಕೋರ್ಟ್ ಒತ್ತಿ ಹೇಳಿದ್ದು ಇದು ಮೂರನೇ ಬಾರಿ.

ವಿಚಿತ್ರವೆಂದರೆ ಅದೇ 2022ರ ಏಪ್ರಿಲ್ 1ರಂದು, 1994ರಲ್ಲಿ ಸತ್ತಿದ್ದ ಆರು ತಿಂಗಳ ಗಡುವೂ 2019ರ ತಿದ್ದುಪಡಿಯ ಬಲದಿಂದ ಎದ್ದುಬಂತು. ಪೊಲೀಸರು ಸಮಯಕ್ಕೆ ವರದಿ ಕಳಿಸಿದರೆ ಅರ್ಜಿಯೇ ಬೇಕಿಲ್ಲ, ಹಾಗಾಗಿ ಗಡುವಿನಿಂದ ತೊಂದರೆಯಿಲ್ಲ ಎಂದು ಕಾಯ್ದೆ ಮಾಡಿದವರು ಲೆಕ್ಕ ಹಾಕಿರಬಹುದು. ಆದರೆ ಪೊಲೀಸರು ತಪ್ಪಿದರೆ, ವಿಧವೆಯ ತಡಕ್ಕೆ ಅರ್ಜಿಯೇ ವಜಾ. ಮುರಿದ ತೊಡೆಗೆ ಸರಳು ಹಾಕಿಸಿಕೊಂಡು ಮಲಗಿದವನು ಆರು ತಿಂಗಳಲ್ಲಿ ವಕೀಲರ ಮನೆ ಹುಡುಕಬೇಕು. ಈ ಕಲಮಿನ ಸಿಂಧುತ್ವವನ್ನು ಪ್ರಶ್ನಿಸಿದ ಅರ್ಜಿಗಳಲ್ಲಿ 2025ರ ನವೆಂಬರ್‌ನಲ್ಲಿ ನ್ಯಾಯಮೂರ್ತಿ ಅರವಿಂದ ಕುಮಾರ್ ಅವರಿದ್ದ ಪೀಠ ಮಧ್ಯಂತರ ಆದೇಶ ಕೊಟ್ಟಿತು: ಗಡುವು ಮೀರಿತೆಂಬ ಒಂದೇ ಕಾರಣಕ್ಕೆ ಯಾವ ನ್ಯಾಯಮಂಡಳಿಯೂ ಅರ್ಜಿ ವಜಾ ಮಾಡಕೂಡದು.

ಗುದ್ದಿ ಓಡಿಹೋದ ವಾಹನಗಳ ಪರಿಹಾರವೂ ಇದೇ ಕಾಲದಲ್ಲಿ ಸಾವಿಗೆ 25,000ದಿಂದ 2 ಲಕ್ಷಕ್ಕೆ, ತೀವ್ರ ಗಾಯಕ್ಕೆ 12,500ರಿಂದ 50,000ಕ್ಕೆ ಏರಿತು. ಆ ಯೋಜನೆ ಇದೆಯೆಂಬುದೇ ಜನಕ್ಕೆ ಗೊತ್ತಿಲ್ಲದ್ದರಿಂದ, 2024ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ಅದನ್ನು ತಿಳಿಸುವ ಹೊಣೆಯನ್ನೂ ಪೊಲೀಸರಿಗೇ ಹಚ್ಚಿತು.

ಇನ್ನು ಕೊನೆಯ ಹಂತ, ಬ್ಯಾಂಕು. ನಿವೃತ್ತ ನ್ಯಾಯಾಧೀಶರೊಬ್ಬರು ಬರೆದ ಪತ್ರದಿಂದ ಸುಪ್ರೀಂ ಕೋರ್ಟಿಗೆ ಒಂದು ಸಂಗತಿ ಗೊತ್ತಾಯಿತು. ಕಂಪನಿಗಳು ಕಟ್ಟಿದ ಪರಿಹಾರದ ಹಣ, ಕೆಲವೇ ರಾಜ್ಯಗಳ ಲೆಕ್ಕದಲ್ಲೇ ನೂರಾರು ಕೋಟಿ, ಕೇಳುವವರಿಲ್ಲದೆ ನ್ಯಾಯಮಂಡಳಿಗಳ ಖಾತೆಯಲ್ಲಿ ಬಿದ್ದಿತ್ತು. ಕೇಸು ಗೆದ್ದವರಿಗೆ ಗೆದ್ದದ್ದೇ ತಿಳಿದಿರಲಿಲ್ಲ, ಅಥವಾ ಅಷ್ಟು ಹೊತ್ತಿಗೆ ಅವರು ಆ ವಿಳಾಸದಲ್ಲಿರಲಿಲ್ಲ. ನ್ಯಾಯಮೂರ್ತಿ ಅಭಯ್ ಓಕಾ ಅವರ ಪೀಠ 2025ರ ಏಪ್ರಿಲ್ 22ರಂದು ಆದೇಶ ಮಾಡಿತು. ಅರ್ಜಿ ಹಾಕುವಾಗಲೇ ಬ್ಯಾಂಕ್ ಖಾತೆ ಮತ್ತು ಆಧಾರ್ ವಿವರ ಪಡೆಯಬೇಕು, ಹಣ ನೇರವಾಗಿ ಖಾತೆಗೆ ಹೋಗಬೇಕು, ಬಿದ್ದಿರುವ ಠೇವಣಿಗಳ ವಿವರ ಹೈಕೋರ್ಟುಗಳ ಜಾಲತಾಣದಲ್ಲಿ ಕಾಣಬೇಕು. ಕಾನೂನು ಸೇವಾ ಪ್ರಾಧಿಕಾರಗಳು ಪೊಲೀಸ್ ಮತ್ತು ಕಂದಾಯ ಇಲಾಖೆಯ ನೆರವಿನಿಂದ ಹಕ್ಕುದಾರರನ್ನು ಹುಡುಕಿಕೊಂಡು ಹೋಗಬೇಕು. ಹುಡುಕಾಟಕ್ಕೆ ಆಧಾರವಾಗಿ ಅವರಿಗೆ ಸಿಗುವುದು ಅರ್ಜಿ ಹಾಕಿದ ದಿನ ವಕೀಲರ ಗುಮಾಸ್ತ ಬರೆದುಕೊಂಡ ವಿಳಾಸ: ಹೆಸರು, ತಂದೆ ಅಥವಾ ಗಂಡನ ಹೆಸರು, ಉದ್ಯೋಗ ಕೂಲಿ, ಊರು, ತಾಲ್ಲೂಕು. ಹಳೆಯ ಕಡತಗಳಲ್ಲಿ ಫೋನ್ ನಂಬರಿಗೆ ಜಾಗವೇ ಇರಲಿಲ್ಲ.